ಕೂಲಿ ಹೆಚ್ಚಾದ್ರೆ ನನ್ನ ಗಲ್ಲಾ ತುಂಬುತ್ತಾ, ಖಾಲಿಯಾಗುತ್ತಾ?

ದಿನಸಿ ಅಂಗಡಿ, ದಾವಣಗೆರೆ

ನಮಸ್ಕಾರ. ನಂದು ದಾವಣಗೆರೆ ಹಳೇ ಪೇಟೆ ಕಡೆ ಕಿರಾಣಿ ಅಂಗಡಿ. ಓದಿದ್ದು ಪಿಯುಸಿ, ಅದೂ ಎರಡನೇ ಸಲಕ್ಕೆ. ಅರ್ಥಶಾಸ್ತ್ರ ಅಂದ್ರೆ ನನಗೆ ಗೊತ್ತಿರೋದು ಉದ್ರಿ ಪುಸ್ತಕ ಒಂದೇ. ಆದ್ರೆ ಮನೇಲಿ ಊಟಕ್ಕೆ ಕೂತಾಗ ಶುರುವಾದ ಜಗಳ ವಾರ ಆದ್ರೂ ಮುಗಿದಿಲ್ಲ, ಅದಕ್ಕೆ ಇಲ್ಲಿ ಹಾಕ್ತಿದ್ದೀನಿ.

ಅಂಗಡೀಲಿ ಇಬ್ಬರು ಹುಡುಗರು. ದೊಡ್ಡೋನು ಒಂಬತ್ತು ವರ್ಷದಿಂದ ಇದ್ದಾನೆ, ಯಾವ ಡಬ್ಬಿ ಎಲ್ಲೈತೆ ಅಂತ ನನಗಿಂತ ಅವನಿಗೇ ಚೆನ್ನಾಗಿ ಗೊತ್ತು. ಉಗಾದಿ ಕಳೆದ ಮೇಲೆ ಬಂದು, 'ಅಣ್ಣಾ, ತಿಂಗಳಿಗೆ ಎರಡು ಸಾವಿರ ಜಾಸ್ತಿ ಮಾಡ್ರಿ' ಅಂದ. ನೋಡೋಣ ಅಂದೆ. ನೋಡೋಣ ಅಂದ್ರೆ ಇಲ್ಲ ಅಂತ ಅವನಿಗೂ ಗೊತ್ತು, ನನಗೂ ಗೊತ್ತು.

ಮಗ ಎಂ.ಕಾಂ. ಓದ್ತಿದ್ದಾನೆ. 'ಸರಿಯಾಗೇ ಮಾಡಿದ್ರಿ ಅಪ್ಪಾಜಿ' ಅಂದ. 'ಕೂಲಿ ಅಂದ್ರೆ ಖರ್ಚು. ಖರ್ಚು ಇಳಿದ್ರೆ ಲಾಭ ಏರುತ್ತೆ, ಲಾಭ ಏರಿದ್ರೆ ಬಂಡವಾಳ ಹಾಕ್ತಾರೆ, ಬಂಡವಾಳ ಹಾಕಿದ್ರೆ ನಾಲ್ಕು ಜನಕ್ಕೆ ಕೆಲಸ.' 2019ರ ಸೆಪ್ಟೆಂಬರಲ್ಲಿ ಕಂಪನಿ ತೆರಿಗೆ 30ರಿಂದ 22 ಪರ್ಸೆಂಟಿಗೆ ಇಳಿಸಿದ್ದೂ ಇದೇ ಲೆಕ್ಕದ ಮೇಲಂತೆ.

ಕೇಳೋಕೆ ಸರಿಯಾಗೇ ಐತೆ. ಆದ್ರೆ ನನ್ನ ಪುಸ್ತಕ ಬೇರೆ ಹೇಳುತ್ತೆ. ನಮ್ಮಪ್ಪ ಅಂಗಡಿ ಇಟ್ಟಿದ್ದು ಕಾಟನ್ ಮಿಲ್ ಜನರನ್ನ ನಂಬಿ. ಬಟವಾಡೆ ದಿನ ಸಂಜೆ ಸೈರನ್ ಕೂಗಿದ ಮೇಲೆ ನಮ್ಮ ಮುಂದೆ ಸೈಕಲ್ ನಿಲ್ಲಿಸೋಕೆ ಜಾಗ ಇರ್ತಿರ್ಲಿಲ್ಲ. ನಾನು ಸಣ್ಣೋನು, ನನ್ನ ಕೆಲಸ ಪೊಟ್ಟಣಕ್ಕೆ ದಾರ ಸುತ್ತೋದು. ಬೆಲ್ಲಕ್ಕೆ ಎರಡು ಸುತ್ತು, ಸಕ್ಕರೆಗೆ ಮೂರು. ಆಮೇಲೆ ಒಂದೊಂದೇ ಮಿಲ್ಲು ಬಾಗಿಲು ಹಾಕಿದ್ವು. ಅಪ್ಪನ ಉದ್ರಿ ಪುಸ್ತಕದಲ್ಲಿ ಹೆಸರಿನ ಮೇಲೆ ಗೀಟು ಬೀಳೋದು ನಿಂತೋಯ್ತು. ಆ ಮೂರು ಪುಸ್ತಕ ಈಗ್ಲೂ ಅಟ್ಟದ ಮೇಲೆ ಅದಾವೆ. ವಸೂಲಿಗೆ ಯಾಕೆ ಹೋಗಲ್ಲ ಅಂದ್ರೆ ಅಪ್ಪ 'ಅವರ ಮನೇಲಿ ಒಲೆ ಹತ್ತಿದ್ರೆ ತಾನೇ ಕೇಳೋದು' ಅನ್ನೋರು.

ಈಗಿನ ಮಾತು. ಗೃಹಲಕ್ಷ್ಮಿ ಎರಡು ಸಾವಿರ ಬಿದ್ದ ದಿನ ಪೇಪರ್ ನೋಡಬೇಕಿಲ್ಲ. ಹನ್ನೊಂದು ಗಂಟೆಯೊಳಗೆ ನಾಲ್ಕು ಜನ ಹೆಣ್ಮಕ್ಕಳು ಬಂದು ಹಳೇ ಬಾಕಿ ಕೊಟ್ಟು, ಎಣ್ಣೆ ಬಿಡಿ ಕೇಳೋರು ಅವತ್ತು ಲೀಟರ್ ಪ್ಯಾಕೆಟ್ಟೇ ಕೇಳ್ತಾರೆ. ಕಂತು ತಡ ಆದ್ರೆ ಎಣ್ಣೆ ಮತ್ತೆ ಬಿಡಿಗೆ ಇಳಿಯುತ್ತೆ.

ನನ್ನ ತಲೆ ಕೆಟ್ಟಿರೋದು ಇಲ್ಲಿ. ಊರಲ್ಲಿ ಎಲ್ಲರ ಕೂಲಿ ಹೆಚ್ಚಾದ್ರೆ ನನಗೆ ಹಬ್ಬ. ನನ್ನ ಹುಡುಗನ ಕೂಲಿ ಹೆಚ್ಚಾದ್ರೆ ನನಗೆ ಹೊರೆ. ಅಂದ್ರೆ ಎಲ್ಲರೂ ಕೊಡಲಿ, ನಾನೊಬ್ಬ ಕೊಡಬಾರದು ಅಂತ ನನ್ನಾಸೆ. ಪಕ್ಕದ ಅಂಗಡಿಯೋನ ಆಸೆನೂ ಅದೇ ಇರಬೇಕಲ್ಲ? ಇದರ ಮೇಲೆ ಯಾರಾದ್ರೂ ತಲೆ ಕೆಡಿಸಿಕೊಂಡಿದ್ದಾರಾ, ಇಲ್ಲ ನಾನೊಬ್ಬನೇನಾ?


ರೋಖು ವ್ಯವಹಾರ

ಮಗ ಹೇಳಿದ್ದೇ ಸರಿ. ಎರಡು ಸಾವಿರ ಕೊಟ್ರೆ ಅದೇನು ಪೂರ್ತಿ ನಿಮ್ಮಂಗಡಿಗೇ ವಾಪಸ್ ಬರುತ್ತಾ? ಇಪ್ಪತ್ತು ರೂಪಾಯಿ ಲಾಭಕ್ಕೆ ಎರಡು ಸಾವಿರ ಬಿಡೋರು ಯಾರು? ವ್ಯಾಪಾರ ಮಾಡ್ರಿ, ಧರ್ಮಛತ್ರ ಬೇಡ.


ಹಳೇ ಮೇಷ್ಟ್ರು, ಶಿವಮೊಗ್ಗ

ದಿನಸಿ ಅಂಗಡಿಯವರೇ, ನೀವೊಬ್ಬರೇ ಅಲ್ಲ. ನಿಮ್ಮಂಥದೇ ಊರಿನವನೊಬ್ಬ ಇದೇ ವಿಷಯಕ್ಕೆ ಜೀವನವಿಡೀ ತಲೆ ಕೆಡಿಸಿಕೊಂಡಿದ್ದ.

ದಾವಣಗೆರೆಗೆ ಕರ್ನಾಟಕದ ಮ್ಯಾಂಚೆಸ್ಟರ್ ಅನ್ನುತ್ತಿದ್ದರಲ್ಲ, ಪೋಲೆಂಡಿನಲ್ಲಿ ಆ ಹೆಸರಿದ್ದದ್ದು ಲೋಡ್ಜ್ ಎಂಬ ಊರಿಗೆ. ಬರೆಯುವುದು ಹಾಗೆ, ಅಲ್ಲಿಯವರ ಬಾಯಲ್ಲಿ ಅದು 'ವುಚ್'. ಆ ಊರಲ್ಲಿ 1899ರಲ್ಲಿ ಹುಟ್ಟಿದವನು ಮಿಖಾಲ್ ಕಲೆಟ್ಸ್ಕಿ. ಅಪ್ಪನದು ಸಣ್ಣ ನೂಲಿನ ಗಿರಣಿ, ಮೊದಲ ಮಹಾಯುದ್ಧಕ್ಕೆ ಮುಂಚೆಯೇ ಮುಚ್ಚಿಹೋಯಿತು. ಮಗ ಎಂಜಿನಿಯರಿಂಗ್ ಸೇರಿದ, ಮನೆಯ ಪರಿಸ್ಥಿತಿಯಿಂದ ಪದವಿ ಮುಗಿಸಲಾಗಲಿಲ್ಲ. ಕಂಪನಿಗಳ ಲೆಕ್ಕಪತ್ರ ನೋಡಿ ವರದಿ ಬರೆಯುವ ಕೆಲಸ ಮಾಡಿಕೊಂಡು ಅರ್ಥಶಾಸ್ತ್ರ ಕಲಿತ. 1933ರಲ್ಲಿ ಪೋಲಿಷ್ ಭಾಷೆಯಲ್ಲಿ ಒಂದು ಸಣ್ಣ ಪುಸ್ತಕ ಬರೆದ. ಬೇಡಿಕೆಯ ವಿಷಯದಲ್ಲಿ ಇಂಗ್ಲೆಂಡಿನ ಹೆಸರಾಂತ ಅರ್ಥಶಾಸ್ತ್ರಜ್ಞ ಕೇನ್ಸ್ 1936ರಲ್ಲಿ ಹೇಳಿದ್ದರ ತಿರುಳು ಮೂರು ವರ್ಷ ಮೊದಲೇ ಅದರಲ್ಲಿತ್ತು. ಪೋಲಿಷ್ ಓದುವವರು ಎಷ್ಟು ಜನ? ಸಣ್ಣ ಭಾಷೆಯಲ್ಲಿ ಬರೆದವರ ಹಣೆಬರಹ ನಮಗೆ ಹೇಳಿಕೊಡಬೇಕಿಲ್ಲ.

ಅವನ ಲೆಕ್ಕವನ್ನು ನಿಮ್ಮ ಪುಸ್ತಕದ ಹಾಳೆಯಲ್ಲೇ ಬರೆಯೋಣ. ಹೊರಗಿನ ವ್ಯವಹಾರವೇ ಇಲ್ಲದ ಒಂದು ಊರು ಅಂದುಕೊಳ್ಳಿ. ತಿಂಗಳಿಗೆ 100 ಲಕ್ಷದ ಮಾರಾಟ. ಅದರಲ್ಲಿ ಕೂಲಿ 60, ಮಾಲೀಕರ ಲಾಭ 40. ಕೂಲಿಯವರು ಸಿಕ್ಕಿದ 60ನ್ನೂ ಖರ್ಚು ಮಾಡುತ್ತಾರೆ. ಮಾಲೀಕರು ಮನೆಗೆ 10, ಯಂತ್ರ ಗೋದಾಮಿಗೆ 30, ಒಟ್ಟು 40 ಖರ್ಚು ಮಾಡುತ್ತಾರೆ. 60 ಮತ್ತು 40, ನೂರು. ಸರಿಹೋಯಿತು.

ಈಗ ಮಾಲೀಕರೆಲ್ಲ ಸೇರಿ ನಿಮ್ಮ ಮಗನ ಮಾತು ಕೇಳಿದರು. ನೂರು ರೂಪಾಯಿ ಮಾಲಿಗೆ ಕೂಲಿ 60 ಇದ್ದದ್ದು 50ಕ್ಕೆ ಇಳಿಯಿತು. ಲಾಭ 50 ಆಗಬೇಕಲ್ಲವೇ? ಆಗುವುದಿಲ್ಲ. ಮಾಲೀಕರ ಖರ್ಚು ಈ ತಿಂಗಳೂ 40 ಅಷ್ಟೇ, ಯಂತ್ರಕ್ಕೆ ಆರ್ಡರ್ ಕೊಟ್ಟಿದ್ದು ಹೋದ ವರ್ಷ. ಕೂಲಿಯವರ ಕೈ ಸಣ್ಣದಾದ್ದರಿಂದ ಅಂಗಡಿಯಲ್ಲಿ ಮಾಲು ಉಳಿಯಿತು. ಮಾಲು ಉಳಿದದ್ದಕ್ಕೆ ಜನರನ್ನು ಬಿಡಿಸಿದರು. ಬಿಡಿಸಿದ್ದಕ್ಕೆ ಇನ್ನಷ್ಟು ಮಾಲು ಉಳಿಯಿತು. ಇಳಿದೂ ಇಳಿದೂ ಮಾರಾಟ 80ಕ್ಕೆ ಬಂದು ನಿಲ್ಲುತ್ತದೆ. ಅದರಲ್ಲಿ ಕೂಲಿ 40, ಲಾಭ 40. ನೂರು ಜನ ದುಡಿಯುತ್ತಿದ್ದ ಕಡೆ ಎಂಬತ್ತು ಜನ, ಅವರಿಗೂ ಮೊದಲಿಗಿಂತ ಕಡಿಮೆ ಕೂಲಿ. ಮಾಲೀಕರ ಲಾಭ? ಒಂದು ಪೈಸೆ ಹೆಚ್ಚಲಿಲ್ಲ.

ತಿರುಗಿಸಿ ಹಾಕಿ. ಕೂಲಿಯ ಪಾಲನ್ನು 60ರಿಂದ 65 ಮಾಡಿ. ಗಿರಣಿಗಳಲ್ಲಿ ಸುಮ್ಮನೆ ನಿಂತ ಯಂತ್ರಗಳಿದ್ದರೆ ಮಾರಾಟ ಸುಮಾರು 114ಕ್ಕೆ ಏರುತ್ತದೆ, ಲಾಭ ಆಗಲೂ 40. ಕಲೆಟ್ಸ್ಕಿಯ ಮಾತಿನ ಸಾರ ಇಷ್ಟೇ: ಮಾಲೀಕ ಎಷ್ಟು ಖರ್ಚು ಮಾಡಬೇಕೆಂದು ತೀರ್ಮಾನಿಸಬಹುದು, ಎಷ್ಟು ಗಳಿಸಬೇಕೆಂದು ತೀರ್ಮಾನಿಸಲಾರ. ಎಲ್ಲ ಮಾಲೀಕರ ಒಟ್ಟು ಲಾಭ ಎಂದರೆ ಎಲ್ಲ ಮಾಲೀಕರೂ ಸೇರಿ ಊರಲ್ಲಿ ಚೆಲ್ಲಿದ ದುಡ್ಡೇ.

ಮಗನಿಗೆ ಇನ್ನೊಂದು ಮಾತು ಹೇಳಿ. ಲಾಭ ಬಂದರೆ ಬಂಡವಾಳ ಹಾಕುತ್ತಾರೆ ಅನ್ನುವುದೂ ನೇರವಲ್ಲ. ನಿಮ್ಮೂರ ಮಂಡಕ್ಕಿ ಭಟ್ಟಿಯವನಿಗೆ ನಾಲ್ಕು ಭಟ್ಟಿ ಇದ್ದು ಎರಡರಲ್ಲೇ ಬೆಂಕಿ ಇದೆ ಅನ್ನಿ. ತೆರಿಗೆ ಇಳಿಸಿದರು ಅಂತ ಐದನೆಯದು ಕಟ್ಟುತ್ತಾನೆಯೇ? ಕಲೆಟ್ಸ್ಕಿಯ ಜೊತೆ ಆಕ್ಸ್‌ಫರ್ಡಿನಲ್ಲಿ ಕೆಲಸ ಮಾಡಿದ ಆಸ್ಟ್ರಿಯಾದ ಯೋಸೆಫ್ ಸ್ಟೈಂಡ್ಲ್ 1952ರಲ್ಲಿ ಅಮೆರಿಕದ ಬಗ್ಗೆ ಬರೆದ ಪುಸ್ತಕದ ಒಳಗಿರುವುದೂ ಇದೇ ಚಿಂತೆ, ಸುಮ್ಮನೆ ನಿಂತ ಯಂತ್ರ. ಭಾರತದ ಕೈಗಾರಿಕೆ 60ರ ದಶಕದ ನಡುವೆ ಮಂಕಾದ್ದನ್ನು ನೋಡಿ ಅರ್ಥಶಾಸ್ತ್ರಜ್ಞ ಅಮಿತಾವ ಕೃಷ್ಣ ದತ್ತ್ 1984ರಲ್ಲಿ ಇದನ್ನೇ ಗಣಿತದಲ್ಲಿ ಕೂರಿಸಿದರು. ಬಂಡವಾಳವೂ ಮಾರಾಟವನ್ನೇ ನೋಡಿ ಹಾಕುವಂಥದಾದರೆ, ಕೂಲಿಯ ಪಾಲು ಏರಿದಾಗ ಲಾಭವೂ ಏರಬಹುದು, ಬೆಳವಣಿಗೆಯೂ ಏರಬಹುದು.


ಲೈನ್ ಸೂಪರ್‌ವೈಸರ್

ಮೇಷ್ಟ್ರೇ, ಲೆಕ್ಕ ಚೆನ್ನಾಗಿದೆ. ಆದ್ರೆ 'ಹೊರಗಿನ ವ್ಯವಹಾರವೇ ಇಲ್ಲದ ಊರು' ಅಂತ ಒಂದು ಸಾಲಲ್ಲಿ ದಾಟಿಬಿಟ್ರಲ್ಲ, ನನ್ನ ಹೊಟ್ಟೆಪಾಡು ಇರೋದೇ ಆ ಸಾಲಲ್ಲಿ.

ನಾನು ಬೆಂಗಳೂರಲ್ಲಿ ಒಂದು ಗಾರ್ಮೆಂಟ್ಸ್‌ನಲ್ಲಿ ಲೈನ್ ನೋಡ್ಕೋತೀನಿ. ನಮ್ಮ ಲೈನಲ್ಲಿ ಹೊಲಿಯೋ ಶರ್ಟು ಹೋಗೋದು ಅಮೆರಿಕಕ್ಕೆ. ಕಾಲರ್ ಕೂರಿಸೋ ಅಕ್ಕ ರಾಮನಗರದಿಂದ ಬೆಳಗ್ಗೆ ಬಸ್ ಹಿಡಿದು ಬರ್ತಾರೆ, ಗಂಟೆಗೆ ಇಷ್ಟು ಪೀಸ್ ಅಂತ ಟಾರ್ಗೆಟ್. ಅವರ ಸಂಬಳ ಹೆಚ್ಚಾದ್ರೆ ಅವರೇನು ಆ ಶರ್ಟ್ ತಗೋತಾರಾ? ಅದರ ಬೆಲೆ ಪಟ್ಟಿ ಡಾಲರಲ್ಲಿರುತ್ತೆ. ಬಯರ್ ಹತ್ರ ಬಾಂಗ್ಲಾದೇಶದ ರೇಟು, ವಿಯೆಟ್ನಾಮ್ ರೇಟು ಎರಡೂ ಪಕ್ಕದಲ್ಲೇ ಇರುತ್ತೆ. ನಮ್ಮ ಕೂಲಿ ನಮ್ಮ ಬೇಡಿಕೆ ಅಲ್ಲ ಮೇಷ್ಟ್ರೇ, ಬರೀ ಖರ್ಚು. ದಾವಣಗೆರೆ ಮಿಲ್ ಬಟ್ಟೇನೂ ದಾವಣಗೆರೆಯೋರೇ ಪೂರ್ತಿ ಉಟ್ಕೊಂಡಿದ್ರಾ?

ಇನ್ನೊಂದು. ಕೂಲಿಯವರು ಪೂರ್ತಿ ಖರ್ಚು ಮಾಡ್ತಾರೆ ಅಂದ್ರಿ. 2016ರ ಏಪ್ರಿಲಲ್ಲಿ ಪಿ.ಎಫ್. ತೆಗೆಯೋ ನಿಯಮ ಬದಲಾಯಿಸ್ತಾರೆ ಅಂತ ಗೊತ್ತಾದಾಗ ನಮ್ಮ ಹೆಣ್ಮಕ್ಕಳು ಎರಡು ದಿನ ಪೀಣ್ಯ, ಹೊಸೂರು ರಸ್ತೆ ಬಂದ್ ಮಾಡಿದ್ರು. ದೆಹಲಿಯೋರು ನಿಯಮ ವಾಪಸ್ ತಗೊಂಡ್ರು. ಯಾವ ಯೂನಿಯನ್ನೂ ಕರೆ ಕೊಟ್ಟಿರ್ಲಿಲ್ಲ. ಮಗಳ ಮದುವೆಗೋ ಫೀಸಿಗೋ ಅಂತ ಇಟ್ಟ ದುಡ್ಡು ಅದು. ಕೂಡಿಡೋಕೆ ಅವರಿಗೆ ಬರಲ್ಲ ಅಂತ ಪುಸ್ತಕದಲ್ಲಿ ಯಾರೋ ಬರೆದಿದ್ರೆ ಅವರು ಲೈನ್ ನೋಡಿಲ್ಲ ಅಂತ ಅರ್ಥ.


ದಿನಸಿ ಅಂಗಡಿ, ದಾವಣಗೆರೆ

ಮೇಷ್ಟ್ರೇ, ನಿಮ್ಮ 60-40 ಲೆಕ್ಕ ಉದ್ರಿ ಪುಸ್ತಕದ ಹಿಂದಿನ ರಟ್ಟಿನ ಮೇಲೆ ಬರೆದು ಮಗನಿಗೆ ತೋರಿಸಿದೆ. ಎರಡು ಸಲ ಕೂಡಿ ನೋಡಿದ, ಏನೂ ಅನ್ನಲಿಲ್ಲ. ಊಟ ಆದ್ಮೇಲೆ 'ಇದು ನಮ್ಮ ಸಿಲಬಸ್‌ನಲ್ಲಿಲ್ಲ' ಅಂದ.

ಸೂಪರ್‌ವೈಸರ್ ಅವರು ಹೇಳಿದ್ದೂ ನಿಜ. ಮಿಲ್ಲಿನ ಬಟ್ಟೆ ಲಾರಿಗೆ ಹತ್ತಿ ಎಲ್ಲೆಲ್ಲಿಗೋ ಹೋಗ್ತಿತ್ತು. ಆದ್ರೆ ಬಟವಾಡೆ ದುಡ್ಡು ಮಾತ್ರ ಇಲ್ಲೇ ಇರ್ತಿತ್ತು. ಮಿಲ್ಲಿನೋರಿಗೆ ಖರ್ಚಾಗಿದ್ದಿದ್ದು ನಮ್ಮಪ್ಪನಿಗೆ ಗಿರಾಕಿ. ಒಂದೇ ನೋಟು, ನೋಡೋ ಕಡೆ ಬೇರೆ.


ತೊಗರಿ ಮಂದಿ, ಕಲಬುರಗಿ

ನೀವೆಲ್ಲಾರೂ ಸೋಪು, ಶರ್ಟು, ಮಂಡಕ್ಕಿ ಅಂತ ಮಾತಾಡಾಕತ್ತೀರಿ. ತೊಗರಿ ಬಗ್ಗೆ ಒಬ್ಬರೂ ಬಾಯಿ ಬಿಟ್ಟಿಲ್ಲ. ಮಂದಿ ಕೈಯಾಗ ರೊಕ್ಕ ಹೆಚ್ಚಾದ್ರ ಸೋಪಿನ ಕಾರ್ಖಾನ್ಯಾಂವ ಇನ್ನೊಂದು ಪಾಳಿ ನಡಸ್ತಾನ. ನಾನು ಏನ್ ನಡಸ್ಲಿ? ತೊಗರಿ ಬಿತ್ತೂದು ಮುಂಗಾರಿನ್ಯಾಗ, ರಾಶಿ ಆಗೂದು ಡಿಸೆಂಬರ್ ಜನವರಿಗೆ. ನಡುವ ಎಷ್ಟ್ ರೊಕ್ಕ ತಂದು ಸುರದ್ರೂ ಹೊಲದಾಗ ಒಂದು ಕಾಯಿ ಹೆಚ್ಚಾಗಂಗಿಲ್ಲ. ಬೆಲಿ ಏರ್ತದ, ಅಷ್ಟ. ಹಂಗಾದ್ರ ಕೊಟ್ಟ ಕೂಲಿ ಎಲ್ಲಿ ಹೋತು? ಬ್ಯಾಳಿ ಡಬ್ಬಿಯಾಗ ಹೋತು. ಅದೂ ನನಗ ಬರಲಿಲ್ಲ. ರಾಶಿ ಆದ ವಾರಕ್ಕ ನಾ ಮಾರೀನಿ, ಬೆಲಿ ಏರೂಮುಂದ ಮಾಲು ಯಾರ ಗೋದಾಮಿನ್ಯಾಗ ಇತ್ತು ಅಂತ ದಾವಣಗೆರಿ ಅಣ್ಣಾವ್ರಿಗೆ ಗೊತ್ತಿರ್ತದ.


ಹಳೇ ಮೇಷ್ಟ್ರು, ಶಿವಮೊಗ್ಗ

ಕಲಬುರಗಿಯವರೇ, ನೀವು ಹಾಕಿದ ಪೆಟ್ಟು ಸರಿಯಾದ ಜಾಗಕ್ಕೇ ಬಿತ್ತು. ಆ ಪ್ರಶ್ನೆ ಮೊದಲು ಎತ್ತಿದವರಲ್ಲಿ ನಮಗೆ ಹತ್ತಿರದವರೊಬ್ಬರಿದ್ದಾರೆ. ವಿ.ಕೆ.ಆರ್.ವಿ. ರಾವ್. ಬೆಂಗಳೂರಿನ ನಾಗರಬಾವಿಯಲ್ಲಿರುವ ಐಸೆಕ್ ಎಂಬ ಸಮಾಜ-ಅರ್ಥಶಾಸ್ತ್ರ ಸಂಶೋಧನಾ ಸಂಸ್ಥೆಯನ್ನು 1972ರಲ್ಲಿ ಕಟ್ಟಿದವರು. ಕೇಂಬ್ರಿಜ್‌ನಲ್ಲಿ ಕೇನ್ಸ್ ಕೈಕೆಳಗೇ ಓದಿದವರು. ಓದಿ ಬಂದು 1952ರಲ್ಲಿ ಬರೆದ ಲೇಖನದಲ್ಲಿ, ಗುರುವಿನ ಗುಣಕ ಸಿದ್ಧಾಂತ, ಅಂದರೆ ಖರ್ಚಾದ ಒಂದು ರೂಪಾಯಿ ಕೈಯಿಂದ ಕೈಗೆ ದಾಟಿ ಹಲವು ರೂಪಾಯಿ ಆದಾಯವಾಗುತ್ತದೆ ಎಂಬುದು, ನಮ್ಮಂಥ ದೇಶದಲ್ಲಿ ಹಾಗೇ ನಡೆಯುವುದಿಲ್ಲ ಎಂದರು. ಇಂಗ್ಲೆಂಡಿನಲ್ಲಿ ಯಂತ್ರವೂ ಕಾರ್ಮಿಕನೂ ಖಾಲಿ ಕೂತಿದ್ದಾರೆ, ದುಡ್ಡು ಬಿಟ್ಟರೆ ಮಾಲು ಹೊರಡುತ್ತದೆ. ಇಲ್ಲಿ ದುಡ್ಡು ಸಿಕ್ಕವನು ಮೊದಲು ಹೊಟ್ಟೆಗೆ ಕೊಳ್ಳುತ್ತಾನೆ, ಕಾಳು ಇದ್ದಷ್ಟೇ ಇದೆ, ಬೆಲೆ ಏರುತ್ತದೆ. ಗುರುವಿಗೇ ತಿರುಗಿ ಹೇಳುವ ಶಿಷ್ಯರು ನನ್ನ ಮೂವತ್ತು ವರ್ಷದ ಮೇಷ್ಟ್ರುಗಿರಿಯಲ್ಲಿ ಇಬ್ಬರೇ ಸಿಕ್ಕಿದ್ದು, ಅದರಲ್ಲಿ ಒಬ್ಬ ಪೊಲೀಸ್ ಆದ.

ಕಲೆಟ್ಸ್ಕಿಗೂ ಇದು ತಿಳಿದಿತ್ತು. 1959-60ರಲ್ಲಿ ಅವನು ಭಾರತಕ್ಕೇ ಬಂದು ಯೋಜನೆಯವರಿಗೆ ಸಲಹೆ ಕೊಟ್ಟಿದ್ದ. ಬೆಲೆಗಳಲ್ಲಿ ಎರಡು ಜಾತಿ ಅನ್ನುತ್ತಿದ್ದ. ದಿನಸಿ ಅಂಗಡಿಯವರೇ, ನಿಮ್ಮ ಕಪಾಟಿನಲ್ಲೇ ಎರಡೂ ಇವೆ. ಸೋಪಿಗೆ ಎಂ.ಆರ್.ಪಿ. ಅಚ್ಚಾಗಿರುತ್ತದೆ, ಅದು ಖರ್ಚಿನ ಮೇಲೆ ಕಂಪನಿ ಇಟ್ಟುಕೊಂಡ ಮಾರ್ಜಿನ್ನಿನ ಬೆಲೆ. ಗಿರಾಕಿ ಹೆಚ್ಚಾದರೆ ಬೆಲೆ ಬದಲಾಗುವುದಿಲ್ಲ, ಉತ್ಪಾದನೆ ಹೆಚ್ಚುತ್ತದೆ. ತೊಗರಿಬೇಳೆಯ ಬೆಲೆಯನ್ನು ನೀವು ದಿನಾ ಬೆಳಗ್ಗೆ ಸ್ಲೇಟಿನ ಮೇಲೆ ಬರೆಯುತ್ತೀರಿ. ಬಡ ದೇಶದಲ್ಲಿ ಕೂಲಿಯ ಹೆಚ್ಚಿನ ಪಾಲು ಸ್ಲೇಟಿನ ಸಾಮಾನಿಗೆ ಹೋಗುತ್ತದೆ. ಅದಕ್ಕೇ ಅವನು, ಮೊದಲು ಆಹಾರ ಬೆಳೆಯುವ ದಾರಿ ನೋಡಿ, ಇಲ್ಲದಿದ್ದರೆ ಅಭಿವೃದ್ಧಿಯ ಖರ್ಚೆಲ್ಲ ಬಡವನ ತಟ್ಟೆಯಿಂದಲೇ ಹೋಗುತ್ತದೆ ಎಂದು ವಾದಿಸುತ್ತಿದ್ದ.

ಇನ್ನು ಸೂಪರ್‌ವೈಸರ್ ಅವರು ಹಿಡಿದ ತಪ್ಪು. ಒಪ್ಪಿದೆ, ಸುಲಭದ ಊರು ತಗೊಂಡೆ. ಅಮಿತ್ ಭಾದುರಿ ಮತ್ತು ಸ್ಟೀಫನ್ ಮಾರ್ಗ್ಲಿನ್ ಎಂಬ ಅರ್ಥಶಾಸ್ತ್ರಜ್ಞರು 1990ರಲ್ಲಿ ಬರೆದ ಲೇಖನ ನಿಂತಿರುವುದೇ ಈ ಪ್ರಶ್ನೆಯ ಮೇಲೆ. ಕೂಲಿ ಒಂದೇ ಹೊತ್ತಿಗೆ ಖರ್ಚೂ ಹೌದು, ಬೇಡಿಕೆಯೂ ಹೌದು. ಎರಡರಲ್ಲಿ ಯಾವುದು ಮೇಲಾಗುತ್ತದೆ ಅನ್ನುವುದು ಆಯಾ ದೇಶ, ಆಯಾ ಕಾಲಕ್ಕೆ ಬಿಟ್ಟದ್ದು. ಮಾಲು ಹೊರಗೆ ಹೋಗುವ ದೇಶದಲ್ಲಿ, ಲಾಭದ ಪಾಲು ನೋಡಿಯೇ ಬಂಡವಾಳ ಹಾಕುವ ಕಡೆ, ನಿಮ್ಮ ಮಗ ಗೆಲ್ಲಬಹುದು. ಅಂದರೆ ಕೂಲಿ ಹೆಚ್ಚಿಸಿದರೆ ಎಲ್ಲ ಕಡೆ ಬೆಳವಣಿಗೆ ಅಂತ ನಾನು ಹೇಳಿದ ಹಾಗೆ ಕೇಳಿಸಿದ್ದರೆ ಅದು ನನ್ನ ತಪ್ಪು.

ಈಗ ದಿನಸಿ ಅಂಗಡಿಯವರ ಮೂಲ ಪ್ರಶ್ನೆಗೆ ಬರುತ್ತೇನೆ, ಯಾಕೆಂದರೆ ಅದಕ್ಕೆ ಉತ್ತರ ಸಿಕ್ಕಿದ್ದು ಇಡೀ ಜಗತ್ತನ್ನೇ ಒಂದು ಪೇಟೆ ಮಾಡಿ ನೋಡಿದಾಗ. 2012ರಲ್ಲಿ ಅಂತರರಾಷ್ಟ್ರೀಯ ಕಾರ್ಮಿಕ ಸಂಸ್ಥೆಗಾಗಿ ಓಜ್ಲೆಮ್ ಓನಾರಾನ್ ಮತ್ತು ಯೊರ್ಗೊಸ್ ಗಲಾನಿಸ್ ಜಿ-20ರ ದೇಶಗಳ ಅಂಕಿ ತೆಗೆದು ನೋಡಿದರು. ಭಾರತವೂ ಸೇರಿ ಕೆಲವು ದೇಶಗಳಲ್ಲಿ, ಆ ದೇಶ ಒಂದೇ ಕೂಲಿಯ ಪಾಲು ಇಳಿಸಿದರೆ ಬೇಡಿಕೆ ಏರುತ್ತದೆ. ಸೂಪರ್‌ವೈಸರ್ ಅವರ ಶರ್ಟಿನ ಲೆಕ್ಕ ಅದು. ಆದರೆ ಎಲ್ಲ ದೇಶಗಳೂ ಒಟ್ಟಿಗೆ ಆ ಪಾಲನ್ನು ಶೇಕಡಾ ಒಂದು ಅಂಶದಷ್ಟು, ಅಂದರೆ 60 ಇದ್ದದ್ದನ್ನು 59ಕ್ಕೆ, ಇಳಿಸಿದರೆ ಜಗತ್ತಿನ ಒಟ್ಟು ಉತ್ಪನ್ನ ಶೇ. 0.36ರಷ್ಟು ಕುಗ್ಗುತ್ತದೆ. ಒಬ್ಬರೇ ಇಳಿಸಿ ಗೆಲ್ಲುತ್ತಿದ್ದ ದೇಶಗಳಲ್ಲೂ ಕೆಲವು ಆಗ ಸೋಲುತ್ತವೆ. ಬಾಂಗ್ಲಾದೇಶದ ರೇಟು, ನಮ್ಮ ರೇಟು, ವಿಯೆಟ್ನಾಮ್ ರೇಟು ಮೂರೂ ಒಟ್ಟಿಗೆ ಇಳಿದರೆ ಬಯರ್‌ಗೆ ಶರ್ಟು ಅಗ್ಗವಾಯಿತು, ಹೊಲಿದವರಿಗೆ ಏನಾಯಿತು? 'ಎಲ್ಲರೂ ಕೊಡಲಿ, ನಾನೊಬ್ಬ ಕೊಡಬಾರದು' ಅಂದಿರಲ್ಲ, ದೇಶದೇಶಗಳು ಕೂತು ಆಡುತ್ತಿರುವುದೂ ಅದೇ ಆಟ.

ಸೂಪರ್‌ವೈಸರ್ ಅವರು ಎತ್ತಿದ ಉಳಿತಾಯದ ಮಾತನ್ನು ಇಟಲಿಯ ಅರ್ಥಶಾಸ್ತ್ರಜ್ಞ ಲೂಯಿಜಿ ಪಸಿನೆಟ್ಟಿ 1962ರಲ್ಲೇ ಎತ್ತಿದ್ದಾನೆ, ಕೂಡಿಟ್ಟ ಕಾರ್ಮಿಕನಿಗೂ ಲಾಭದಲ್ಲಿ ಪಾಲು ಬರಬೇಕಲ್ಲ ಅಂತ. ಅದನ್ನು ಹಿಡಿದರೆ ಬೆಳಗಾಗುತ್ತದೆ, ಬಿಡಿ.


ಕಾರವಾರ ಕಡಲು

ಮೇಷ್ಟ್ರು ನಮ್ಮೂರಿನವರನ್ನು ಬಿಟ್ಟಿದ್ದಕ್ಕೆ ಬರೆಯಲೇಬೇಕಾಯ್ತು. ಅರ್ಥಶಾಸ್ತ್ರಜ್ಞೆ ಕೃಷ್ಣಾ ಭಾರದ್ವಾಜ್ ಹುಟ್ಟಿದ್ದು ಕಾರವಾರದಲ್ಲಿ, 1935ರಲ್ಲಿ. ಸ್ರಾಫಾ ಎಂಬ ಇಟಲಿಯವ ಕೇಂಬ್ರಿಜ್‌ನಲ್ಲಿ ಕೂತು 1960ರಲ್ಲಿ ನೂರು ಪುಟದಷ್ಟು ಪುಸ್ತಕ ತಂದಾಗ ದೊಡ್ಡ ದೊಡ್ಡವರೇ ತಲೆ ಕೆರೆದುಕೊಂಡರು. ಇವರು 1963ರಲ್ಲಿ ಮುಂಬಯಿಯ 'ಇಕನಾಮಿಕ್ ವೀಕ್ಲಿ'ಗೆ ಅದರ ವಿಮರ್ಶೆ ಬರೆದರು, ಆ ಪುಸ್ತಕವನ್ನು ಸರಿಯಾಗಿ ಓದಿದ ಮೊದಮೊದಲ ಬರಹಗಳಲ್ಲಿ ಅದೂ ಒಂದು ಎಂದು ಹೆಸರಾಯಿತು. ಮುಂದೆ ಜೆ.ಎನ್.ಯು.ನಲ್ಲಿ ಅರ್ಥಶಾಸ್ತ್ರ ವಿಭಾಗ ಕಟ್ಟಿದರು.

ಸ್ರಾಫಾನ ಪುಸ್ತಕದಲ್ಲಿ ನನಗೆ ಅರ್ಥವಾದಷ್ಟು ಹೇಳುತ್ತೇನೆ. ಯಂತ್ರ ಇಷ್ಟು, ಹತ್ತಿ ಇಷ್ಟು, ಜನ ಇಷ್ಟು ಎಂದು ಎಲ್ಲ ಬರೆದಿಟ್ಟರೂ ಕೂಲಿ ಎಷ್ಟು ಲಾಭ ಎಷ್ಟು ಎಂಬುದು ಆ ಪಟ್ಟಿಯಿಂದ ತಾನಾಗಿ ಹೊರಡುವುದಿಲ್ಲ. ಎರಡರಲ್ಲಿ ಒಂದನ್ನು ಹೊರಗಿನಿಂದ ತಂದು ಇಡಬೇಕು. ದಾವಣಗೆರೆಯ ಅಂಗಡಿಯಲ್ಲಿ ಅದನ್ನು ಹೊರಗಿನಿಂದ ತಂದಿಟ್ಟದ್ದು ಯಾವುದು ಗೊತ್ತೇ? ನೋಡೋಣ ಎಂಬ ಒಂದು ಮಾತು.


ರೋಖು ವ್ಯವಹಾರ

ಗೃಹಲಕ್ಷ್ಮಿ ದುಡ್ಡು ಎಲ್ಲಿಂದ ಬಂತು ಅಂತ ಯಾರೂ ಹೇಳ್ಲಿಲ್ಲ. 2023ರ ಜುಲೈ ಬಜೆಟ್ಟಲ್ಲಿ ಎಣ್ಣೆ ಮೇಲೆ ಹೆಚ್ಚುವರಿ ಅಬಕಾರಿ ಸುಂಕ 20 ಪರ್ಸೆಂಟ್ ಏರಿಸಿದ್ರು. ಅಡುಗೆ ಎಣ್ಣೆ ಅಲ್ಲ. ಗಂಡನ ಕ್ವಾರ್ಟರಿಂದ ತೆಗೆದು ಹೆಂಡ್ತಿ ಖಾತೆಗೆ ಹಾಕಿದ್ರೆ ಅದರಲ್ಲಿ ಹೊಸ ಬೇಡಿಕೆ ಎಲ್ಲಿಂದ ಬಂತು ಮೇಷ್ಟ್ರೇ?


ಹಳೇ ಮೇಷ್ಟ್ರು, ಶಿವಮೊಗ್ಗ

ಮೊದಲ ಸಲ ಸರಿಯಾದ ಪ್ರಶ್ನೆ ಕೇಳಿದಿರಿ. ಕಲೆಟ್ಸ್ಕಿಯ ಲೆಕ್ಕದಲ್ಲಿ ಕೂಲಿಯವನ ಜೇಬಿನಿಂದ ತೆಗೆದು ಕೂಲಿಯವನ ಮನೆಗೇ ಕೊಟ್ಟರೆ ಒಟ್ಟು ಮಾರಾಟ ಬದಲಾಗುವುದಿಲ್ಲ, ಬಾರಿನಿಂದ ಕಿರಾಣಿಗೆ ಜಾಗ ಬದಲಾಯಿಸುತ್ತದೆ. ದಿನಸಿ ಅಂಗಡಿಯವರಿಗೆ ಹಬ್ಬ, ಬಾರಿನವರಿಗೆ ಅಲ್ಲ. ಉಳಿಸಿಡುವವರ ಮೇಲೆ ತೆರಿಗೆ ಹಾಕಿ ಕೊಟ್ಟರೆ, ಅಥವಾ ಸಾಲ ತಂದು ಕೊಟ್ಟರೆ ಒಟ್ಟು ಬೇಡಿಕೆ ಏರುತ್ತದೆ. ರಸ್ತೆ ಕಾಲುವೆ ಕೆಲಸ ನಿಲ್ಲಿಸಿ ಕೊಟ್ಟರೆ ಅಲ್ಲಿ ಗುದ್ದಲಿ ಹಿಡಿದವನ ಕೂಲಿ ಹೋಯಿತು, ಅದನ್ನೂ ಕಳೆಯಬೇಕು. ಗ್ಯಾರಂಟಿಗಳಿಗೆ 2024-25ರ ಬಜೆಟ್ಟಿನಲ್ಲಿ ಇಟ್ಟದ್ದು ಸುಮಾರು 52,000 ಕೋಟಿ. ಅದು ಎಲ್ಲಿಂದ ಬಂತು ಎಂದು ನೋಡದೆ ಒಳ್ಳೆಯದು ಕೆಟ್ಟದ್ದು ಎನ್ನುವ ಇಬ್ಬರೂ ಟಿ.ವಿ. ಚರ್ಚೆಗೆ ಲಾಯಕ್ಕು.

ಕಾರವಾರದವರು 'ನೋಡೋಣ'ವನ್ನು ಹಿಡಿದದ್ದು ಭೇಷ್. 1943ರಲ್ಲಿ ಕಲೆಟ್ಸ್ಕಿ ಬರೆದದ್ದೂ ಅದನ್ನೇ. ಎಲ್ಲರಿಗೂ ಕೆಲಸ ಸಿಕ್ಕಿದರೆ ಮಾಲೀಕರ ಲಾಭವೂ ಹೆಚ್ಚುತ್ತದೆ, ಆದರೂ ಅವರು ಅದನ್ನು ವಿರೋಧಿಸುತ್ತಾರೆ, ಯಾಕೆಂದರೆ ಕೆಲಸದಿಂದ ತೆಗೆಯುತ್ತೇನೆ ಎಂಬ ಮಾತಿಗೆ ಆಮೇಲೆ ಬೆಲೆ ಇರುವುದಿಲ್ಲ. ಲಾಭಕ್ಕಿಂತ ಶಿಸ್ತು ದೊಡ್ಡದು ಅವರಿಗೆ. ಅಂಗಡಿಯವರೇ, ಬೇಜಾರು ಮಾಡಿಕೊಳ್ಳಬೇಡಿ. ಹೊರಗೆ ಕೆಲಸ ಕೇಳಿಕೊಂಡು ಹತ್ತು ಹುಡುಗರು ನಿಂತಿದ್ದಾರೆ ಎಂದು ನಿಮ್ಮ ಹುಡುಗನಿಗೆ ಗೊತ್ತಿಲ್ಲದಿದ್ದರೆ ನೀವು ನೋಡೋಣ ಅನ್ನುತ್ತಿದ್ದಿರಾ?


ದಿನಸಿ ಅಂಗಡಿ, ದಾವಣಗೆರೆ

ಎರಡು ತಿಂಗಳಾಯ್ತು, ಏನಾಯ್ತು ಅಂತ ಹೇಳಿಬಿಡ್ತೀನಿ.

ಮೇಷ್ಟ್ರ ಕಡೇ ಸಾಲು ಓದಿ ಬೇಜಾರಾಗಿದ್ದು ನಿಜ. ಉತ್ತರ ಬರೆಯೋಣ ಅಂತ ಮೊಬೈಲ್ ಹಿಡ್ಕೊಂಡು ಕೂತೆ, ಬರೆಯೋಕೆ ಏನೂ ಸಿಗಲಿಲ್ಲ.

ನಮ್ಮ ಬೀದಿ ಅಂಗಡಿಯೋರು ಅಮಾವಾಸ್ಯೆ ಪೂಜೆಗೆ ಸೇರಿದಾಗ ಮಾತು ತೆಗೆದೆ. ಎಲ್ಲರೂ ಒಟ್ಟಿಗೇ ಹುಡುಗರಿಗೆ ಒಂದೂವರೆ ಸಾವಿರ ಹೆಚ್ಚಿಸಿದ್ರೆ ಯಾರಿಗೂ ಲುಕ್ಸಾನಿಲ್ಲ, ಬೀದೀಲೇ ದುಡ್ಡು ತಿರುಗುತ್ತೆ ಅಂದೆ. ರಟ್ಟಿನ ಮೇಲಿನ ಲೆಕ್ಕನೂ ತೋರಿಸಿದೆ. ಪಾತ್ರೆ ಅಂಗಡಿಯೋರು ಪೂರ್ತಿ ಕೇಳಿ, 'ಸರಿ, ನೀನು ಶುರು ಮಾಡು, ದೀಪಾವಳಿಗೆ ನೋಡೋಣ' ಅಂದ್ರು. ನೋಡೋಣ ಅಂದ್ರೆ ಏನು ಅಂತ ನನಗೆ ಗೊತ್ತಿಲ್ವಾ.

ಆದ್ರೂ ಕೊಟ್ಟೆ. ದೊಡ್ಡೋನಿಗೆ ಒಂದೂವರೆ, ಸಣ್ಣೋನಿಗೆ ಎಂಟುನೂರು. ಲೆಕ್ಕ ನೋಡಿ ಕೊಟ್ಟಿದ್ದಲ್ಲ. ಒಂಬತ್ತು ವರ್ಷ ಡಬ್ಬಿ ಜಾಗ ನೆನಪಿಟ್ಟವನ ಮುಖಕ್ಕೆ ಎರಡನೇ ಸಲ ಆ ಮಾತು ಹೇಳೋಕೆ ಆಗಲಿಲ್ಲ, ಅಷ್ಟೆ.

ಮೊದಲನೇ ತಿಂಗಳು ಹೆಚ್ಚಿನ ದುಡ್ಡು ಸಿಕ್ಕ ವಾರಕ್ಕೆ ದೊಡ್ಡೋನು ಹೊಸ ಮೊಬೈಲ್ ಹಿಡ್ಕೊಂಡು ಬಂದ. ಆನ್‌ಲೈನಲ್ಲಿ ತರಿಸಿದ್ದಂತೆ, ತಿಂಗಳಿಗೆ 1,450ರ ಕಂತು, ಹದಿನೆಂಟು ತಿಂಗಳು. ಕೈಯಲ್ಲಿ ಉಳಿದಿದ್ದು ಐವತ್ತು ರೂಪಾಯಿ, ಅದರಲ್ಲಿ ನಮ್ಮಂಗಡೀಲೇ ಒಂದು ಚಹಾಪುಡಿ ಪ್ಯಾಕೆಟ್ ತಗೊಂಡ.

ಮಗ ನಗ್ತಾ ಇದ್ದಾನೆ. ಮೇಷ್ಟ್ರೇ, ಕೊಟ್ಟ ದುಡ್ಡು ಇಲ್ಲೇ ತಿರುಗದೆ ಹೊರಗೆ ಹೋದ್ರೆ ಸೋರಿಕೆ ಅಂತಾರಲ್ಲ ನಿಮ್ಮ ಪುಸ್ತಕದಲ್ಲಿ, ಇದೇನಾ ಅದು?


ಹಳೇ ಮೇಷ್ಟ್ರು, ಶಿವಮೊಗ್ಗ

ಇದೇ. ಚಹಾಪುಡಿಗೆ ಉದ್ರಿ ಬರೆಸಲಿಲ್ಲ ತಾನೇ?


ದಿನಸಿ ಅಂಗಡಿ, ದಾವಣಗೆರೆ

ಇಲ್ಲ, ರೋಖು ಕೊಟ್ಟ.